ಇಬ್ಬರೂ ಸೇರಿ ಹುಟ್ಟಿಸಿದ ಮೂರನೆಯವನು

ಕುಟುಂಬ ನ್ಯಾಯಾಲಯದಲ್ಲಿ ಗಂಡ ಹೆಂಡತಿ ಒಂದೇ ಮಾತಿಗೆ ಬಂದರೆ ಯಾರೂ ಹೆಚ್ಚು ಕೆದಕುವುದಿಲ್ಲ. ಅಲ್ಲಿ ಅದು ಅಷ್ಟು ಅಪರೂಪ. ಕನ್ನಡಕದಂಗಡಿಯವನೂ ಅವನ ಹೆಂಡತಿಯೂ ಒಪ್ಪಂದದ ಕಾಗದ ಹಿಡಿದು ಬಂದಾಗ, ಇದು ಬೇಗ ಮುಗಿಯುತ್ತದೆ ಎಂದುಕೊಂಡೆ. ಬೇಗ ಮುಗಿಯುವುದೆಲ್ಲ ಆಗ ನನಗೆ ಇಷ್ಟವಾಗುತ್ತಿತ್ತು.

ನಾನು ಅಲ್ಲಿ ಆಪ್ತ ಸಮಾಲೋಚಕಿ. ಮನಶ್ಶಾಸ್ತ್ರ ಓದಿದವಳು. ಮಕ್ಕಳ ಜೊತೆ ಕೂತು ಮಾತಾಡಿ, ಅವರಿಗೆ ಯಾವುದು ಒಳ್ಳೆಯದೆಂದು ನ್ಯಾಯಾಧೀಶರಿಗೆ ಬರೆದುಕೊಡುವುದು ಕೆಲಸ. ಗಂಡ ತೀರಿಕೊಂಡ ಮೇಲೆ ಕೆಲಕಾಲ ರಜೆಯಲ್ಲಿದ್ದೆ. ಮರಳಿ ಬಂದಾಗ ಎಲ್ಲರೂ ನನ್ನೆದುರು ದನಿ ತಗ್ಗಿಸಿ ಮಾತಾಡುತ್ತಿದ್ದರು. ನ್ಯಾಯಾಧೀಶೆಯೊಬ್ಬರೇ ಮೊದಲಿನಂತೆ ಗದರುತ್ತಿದ್ದರು. ಅದು ಹಿತವಾಗಿತ್ತು.

ಅವರು ನಿವೃತ್ತಿಗೆ ಹತ್ತಿರವಾಗಿದ್ದರು. ಬಾಗಿಲು ಮುಚ್ಚಿಸಿ, ಕಾಗದದ ಮೇಲಿಟ್ಟಿದ್ದ ಕಲ್ಲು ಸರಿಸಿ ಒಪ್ಪಂದ ಓದಿದರು. ಮೊದಲ ಕಲಮು: ಇಬ್ಬರೂ ಬೇರೆಯಾಗಲು ಸಮ್ಮತಿಸಿದ್ದಾರೆ. ಎರಡನೆಯದು ಮನೆ ಸಾಮಾನಿನದು. ಮೂರನೆಯದನ್ನು ಅವರು ಎರಡು ಸಲ ಓದಿದರು. ಮಗಳು ಗಂಡನಿಗೆ ಹುಟ್ಟಿದವಳಲ್ಲ. ಇದನ್ನು ಇಬ್ಬರೂ ಒಪ್ಪಿದ್ದಾರೆ. ಆದ್ದರಿಂದ ಅವಳ ಮೇಲೆ ಅವನಿಗೆ ಹಕ್ಕೂ ಇಲ್ಲ, ಹೊಣೆಯೂ ಇಲ್ಲ.

"ಇದಕ್ಕೆ ಸಹಿ ಹಾಕಬೇಕಾದವಳು ಎಲ್ಲಿ?" ಎಂದರು.

ಇಬ್ಬರಿಗೂ ಸೇರಿ ಒಬ್ಬರೇ ವಕೀಲರು. ನಮ್ಮ ಸಿಬ್ಬಂದಿ ಅವರನ್ನು ಶಾರ್ಟ್‌ಕಟ್ ಸಾಹೇಬರು ಎಂದು ಕರೆಯುತ್ತಿದ್ದರು. "ಇಬ್ಬರೂ ಹಾಕಿದ್ದಾರೆ ಮೇಡಂ" ಎಂದರು ಅವರು.

"ನಾನು ಕೇಳಿದ್ದು ಮಗೂನ."

"ಅವಳಿನ್ನೂ ಎರಡನೇ ಕ್ಲಾಸು ಮೇಡಂ."

"ಹಾಗಾದ್ರೆ ಅವಳ ಪರವಾಗಿ ನಾನೇ ಓದ್ಬೇಕು." ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು. "ಮದುವೆ ನಡೀತಿದ್ದಾಗ, ಒಂದೇ ಸೂರಿನಡಿ ಇದ್ದಾಗ ಹುಟ್ಟಿದ ಮಗು ಗಂಡನದೇ ಅಂತ ಕಾನೂನು ಹಿಡಿಯತ್ತೆ. ಅಪ್ಪ ಅಮ್ಮ ಕೂತು ಮಾತಾಡ್ಕೊಂಡು ಅದನ್ನ ಅಳಿಸೋಕೆ ಆಗಲ್ಲ. ನೀವಿಬ್ರೂ ಒಬ್ಬರನ್ನೊಬ್ಬರು ಬಿಡಬಹುದು. ಅವಳನ್ನ ಬಿಡೋಕೆ ನೀವ್ಯಾರು?"

ಆಗ ಅವರು ಹೆಂಡತಿಯ ಕಡೆ ತಿರುಗಿ, ಸುಸ್ತಾದವರು ಕೊನೆಯ ಗಂಟನ್ನೂ ಬಿಚ್ಚಿಬಿಡುವಂತೆ ಕೇಳಿದರು: "ಸರಿ ಕಣಮ್ಮ. ಇವರಲ್ಲ ಅಂದ್ರೆ ಮತ್ತೆ ಯಾರು?"

ಈ ಪ್ರಶ್ನೆ ಬರುತ್ತದೆಂದು ಅವರು ಮೂವರೂ ಯೋಚಿಸಿರಲಿಲ್ಲ. ಅಥವಾ ಯೋಚಿಸಿ, ಪೂರ್ತಿ ಮುಗಿಸಿರಲಿಲ್ಲ.

"ಒಬ್ಬರು... ಔಷಧಿ ಕಂಪನಿ ಏಜೆಂಟು" ಎಂದಳು ಹೆಂಡತಿ. ಅವಳು ಆಸ್ಪತ್ರೆಯೊಂದರಲ್ಲಿ ಶಸ್ತ್ರಚಿಕಿತ್ಸೆಯ ಸಲಕರಣೆಗಳನ್ನು ತೊಳೆದು ಆವಿಯಲ್ಲಿ ಶುದ್ಧಮಾಡುವ ವಿಭಾಗದಲ್ಲಿದ್ದಳು. ಬೆರಳ ತುದಿಗಳು ಸದಾ ನೆನೆದಂತೆ ಬಿಳಿಚಿಕೊಂಡಿರುತ್ತಿದ್ದವು.

"ಏಜೆಂಟಲ್ಲ ಮೇಡಂ" ಎಂದ ಗಂಡ, ಸಹಾಯ ಮಾಡುವವನಂತೆ. "ಆಂಬ್ಯುಲೆನ್ಸ್ ಡ್ರೈವರ್ ಅಂತ ಮಾತಾಗಿತ್ತು."

ವಕೀಲರು ಕಣ್ಣು ಮುಚ್ಚಿಕೊಂಡರು.

"ಮಾತಾಗಿತ್ತಾ?" ಎಂದರು ನ್ಯಾಯಾಧೀಶೆ.

"ಡ್ರೈವರ್ ಅಂತ ಅಂದಿದ್ದು ನೀವು. ನಾನು ಒಪ್ಪಿರ್ಲಿಲ್ಲ" ಎಂದಳು ಹೆಂಡತಿ.

"ಯಾಕೆ? ಡ್ರೈವರ್ ಅಂದ್ರೆ ನಿನಗೆ ಕೀಳಾ?"

"ಕೀಳು ಅಂತಲ್ಲ. ಅವರು ಬಂದ್ರೆ ಓಡ್ತಾ ಬರ್ತಾರೆ, ಓಡ್ತಾ ಹೋಗ್ತಾರೆ. ಮಾತಾಡೋಕೆ ಎಲ್ಲಿ ಪುರುಸೊತ್ತು?"

"ಏಜೆಂಟ್‌ಗೆ ಪುರುಸೊತ್ತಿರತ್ತಾ?"

"ಇರತ್ತೆ. ಹೊರಗೆ ಕುರ್ಚೀಲಿ ಕೂತು ಕಾಯ್ತಾರೆ. ಮರ್ಯಾದೆಯಿಂದ ಮಾತಾಡ್ತಾರೆ. ಊಟ ಆಯ್ತಾ ಅಂತ ಕೇಳ್ತಾರೆ."

ಕೊನೆಯ ಮಾತು ಅವಳ ಬಾಯಿಂದ ಬೇರೆ ದನಿಯಲ್ಲಿ ಬಂತು. ಗಂಡ ಅದನ್ನು ಕೇಳಿಸಿಕೊಂಡ. ನಾನೂ ಕೇಳಿಸಿಕೊಂಡೆ. ಅವನ ಮುಖದಲ್ಲಿ ಅಷ್ಟು ಹೊತ್ತಿನ ಸಹಕಾರ ಮಾಯವಾಯಿತು.

ನ್ಯಾಯಾಧೀಶೆ ಕಾಗದವನ್ನು ಮಡಚಿ ವಕೀಲರ ಕಡೆ ತಳ್ಳಿದರು. "ಮೂರನೇ ಕಲಮು ತೆಗೆದು ತನ್ನಿ. ಅಷ್ಟರಲ್ಲಿ ಇವರು ಮಗೂನ ನೋಡ್ತಾರೆ." ಇವರು ಎಂದರೆ ನಾನು.

ಹೊರಗಿನ ಹಜಾರದಲ್ಲಿ ನೀರಿನ ಡ್ರಮ್ಮಿನ ಬಳಿ ಗಂಡ ಅವಳನ್ನು ಅಡ್ಡಗಟ್ಟಿ ನಿಂತಿದ್ದ. "ಅವನ ಹೆಸರೇನು?" ಎಂದು ಕೇಳುತ್ತಿದ್ದ.

"ಯಾರದು?"

"ಊಟ ಆಯ್ತಾ ಅಂತ ಕೇಳ್ತಾನಲ್ಲ, ಅವನದು."

"ನಿಮಗೆ ತಲೆ ಸರಿ ಇದೆಯಾ?" ಎಂದು ಅವಳು ಪಕ್ಕಕ್ಕೆ ಸರಿದು ಹೋದಳು.

ನನ್ನ ಕೋಣೆ ಮೆಟ್ಟಿಲ ಕೆಳಗಿದೆ. ಮಕ್ಕಳ ಕೋಣೆ ಎಂದು ಬೋರ್ಡಿದೆ. ಒಂದು ಚಾಪೆ, ಗಾಲಿ ಕಳೆದುಕೊಂಡ ಲಾರಿ, ಎಷ್ಟೋ ಮಕ್ಕಳು ಕೂದಲು ಕಿತ್ತ ಗೊಂಬೆ. ಮೇಲೆ ಯಾರಾದರೂ ಇಳಿದರೆ ಛಾವಣಿ ಗುಡುಗುತ್ತದೆ. ಮೊದಲು ತಾಯಿ ಒಬ್ಬಳೇ ಬಂದಳು. ನಾನು ಕೇಳುವ ಮೊದಲೇ ಹೇಳಿದಳು.

"ಏಜೆಂಟೂ ಇಲ್ಲ, ಡ್ರೈವರೂ ಇಲ್ಲ ಮೇಡಂ. ಅವಳು ಅವರ ಮಗಳೇ. ಬೇರೆ ಯಾರ ಹತ್ರಾನಾದ್ರೂ ಹೋಗೋಕೆ ನಂಗೆ ನಿದ್ದೆಗೇ ಟೈಮಿರ್ಲಿಲ್ಲ."

"ಮತ್ತೆ ಯಾಕೆ?"

ಬೇರೆ ಊರಿನ ದೊಡ್ಡ ಆಸ್ಪತ್ರೆಯಲ್ಲಿ ಅವಳಿಗೆ ವಿಭಾಗದ ಮುಖ್ಯಸ್ಥೆಯ ಕೆಲಸ ಸಿಕ್ಕಿತ್ತು. ಮಗಳನ್ನು ಅಲ್ಲಿನ ಶಾಲೆಗೆ ಸೇರಿಸಲು ಅಪ್ಪನ ಒಪ್ಪಿಗೆ ಕೇಳುತ್ತಿದ್ದರು. ಅವನು ಕೊಡಲಿಲ್ಲ. ಅಂಗಡಿಗೆ ಹೋದರೆ ಗಿರಾಕಿಗಳ ಮುಂದೆ ಕಾಯಿಸಿ, ನಾಳೆ ನೋಡೋಣ ಎನ್ನುತ್ತಿದ್ದ. ಅವನಿಗೂ ಒಂದು ಗರಜು ಇತ್ತು. ಮರುಮದುವೆಯ ಮಾತು ನಡೆದಿತ್ತು. ಹೆಣ್ಣಿನ ಅಣ್ಣಂದಿರು, ಹಳೆಯ ಸಂಸಾರದ ಬಾಲ ಯಾವುದೂ ಇರಬಾರದು ಎಂದಿದ್ದರು. ಶಾರ್ಟ್‌ಕಟ್ ಸಾಹೇಬರು ಎರಡು ಹಕ್ಕಿಗೆ ಒಂದೇ ಕಲ್ಲು ಹುಡುಕಿಕೊಟ್ಟರು.

"ಅಡುಗೆಮನೇಲಿ ಕೂತ್ಕೊಂಡು ಇಬ್ಬರೂ ಅವನನ್ನ ತಯಾರು ಮಾಡಿದ್ವಿ" ಎಂದಳು. "ಎತ್ತರ ಎಷ್ಟಿರ್ಬೇಕು, ಮೀಸೆ ಇರ್ಬೇಕಾ ಬೇಡ್ವಾ. ನಕ್ಕಿದ್ವಿ ಕೂಡ. ನಾವಿಬ್ರೂ ಜೊತೇಲಿ ನಕ್ಕು ಯಾವ ಕಾಲ ಆಗಿತ್ತೋ."

"ಊಟ ಆಯ್ತಾ ಅಂತ ಕೇಳೋದು?"

ಅವಳು ಬಿಳಿಚಿದ ಬೆರಳುಗಳನ್ನು ನೋಡಿಕೊಂಡಳು. "ಅದು ಅಲ್ಲೇ ಬಾಯಿಗೆ ಬಂತು. ಇರೋದೇ ಇಲ್ಲ ಅಂದ್ಮೇಲೆ ಸ್ವಲ್ಪ ಒಳ್ಳೆಯವನಾಗೇ ಇರ್ಲಿ ಅಂತ." ಆಮೇಲೆ ತಲೆಯೆತ್ತಿ ಕೇಳಿದಳು: "ನಿಮಗೆ ಮಕ್ಕಳಿದ್ದಾರಾ ಮೇಡಂ?"

"ಇಲ್ಲ."

"ಯಜಮಾನರು?"

"ಇಲ್ಲ."

ಅವಳು ಎದುರಿಗಿದ್ದ ನೀರಿನ ಲೋಟವನ್ನು ನನ್ನ ಕಡೆ ಸರಿಸಿದಳು.

ಮಗುವನ್ನು ಕರೆತಂದವರು ಗಂಡನ ತಾಯಿ. ಶಾಲೆ ಬಿಟ್ಟ ಮೇಲೆ, ತಾಯಿಯ ಪಾಳಿ ಮುಗಿಯುವವರೆಗೆ ಮಗು ಇರುತ್ತಿದ್ದದ್ದು ಅಜ್ಜಿಯ ಮನೆಯಲ್ಲೇ. ಮಗ ಸೊಸೆ ಜಗಳವಾಡಿ ಬೇರೆ ಬೇರೆ ಮನೆ ಮಾಡಿದ ಮೇಲೂ ಅದು ನಿಂತಿರಲಿಲ್ಲ. ಅಜ್ಜಿ ಅವಳನ್ನು ಸಾಸಿವೆ ಎಂದು ಕರೆಯುತ್ತಿದ್ದರು. "ನೋಡೋಕೆ ಇಷ್ಟೇ ಇದ್ದಾಳೆ. ಬಿಸಿ ತಾಗಿದ್ರೆ ಸಿಡೀತಾಳೆ" ಎಂದು ನನಗೆ ಪರಿಚಯ ಮಾಡಿಕೊಟ್ಟರು.

ಸಾಸಿವೆ ಗೊಂಬೆಯ ಬೋಳು ತಲೆ ನೋಡಿ, "ಇದಕ್ಕೆ ಹೇನಾಗಿತ್ತಾ?" ಎಂದಳು.

ಯಾರು ಇಷ್ಟ ಎಂದು ನಾನು ಮಕ್ಕಳನ್ನು ಕೇಳುವುದಿಲ್ಲ. ಬೆಳಿಗ್ಗೆ ಎದ್ದಾಗಿನಿಂದ ಒಂದು ದಿನ ಹೇಳು ಎನ್ನುತ್ತೇನೆ. ದಿನದೊಳಗೆ ಎಲ್ಲರೂ ತಾವಾಗಿಯೇ ಬಂದು ಹೋಗುತ್ತಾರೆ. ಸಾಸಿವೆಯ ದಿನದಲ್ಲಿ ಅಮ್ಮ ಎಬ್ಬಿಸಿ, ಮುಖ ತೊಳೆಸಿ, ಬಸ್ಸಿಗೆ ಓಡುತ್ತಿದ್ದಳು. ಅಪ್ಪ ಅಂಗಡಿ ತೆರೆಯುವ ಮೊದಲು ಬಂದು ತಲೆ ಬಾಚುತ್ತಿದ್ದ. ಬೈತಲೆ ಒಂದು ಕೂದಲಿನಷ್ಟೂ ಓರೆಯಾಗುವಂತಿರಲಿಲ್ಲ; ಮತ್ತೆ ಬಿಚ್ಚಿ ಬಾಚುತ್ತಿದ್ದ. ಅಜ್ಜಿ ಶಾಲೆಯಿಂದ ಕರೆದುಕೊಂಡು ಹೋಗಿ ಮಗ್ಗಿ ಕೇಳುತ್ತಿದ್ದರು. "ಅಜ್ಜಿಗೆ ಹದಿನಾಲ್ಕರ ಮಗ್ಗಿ ಬರಲ್ಲ. ನಾನು ತಪ್ಪು ಹೇಳಿದ್ರೂ ಶಭಾಷ್ ಅಂತಾರೆ."

ಆಮೇಲೆ ಅವಳೇ ಕೇಳಿದಳು: "ಆಂಟಿ, ಅಪ್ಪ ರಸ್ತೇಲಿ ಸಿಕ್ರೆ ಏನಂತ ಕರೀಬೇಕು?"

"ಯಾಕೆ?"

"ಇನ್ಮೇಲೆ ಅಂಕಲ್ ಅಂತ ಕರೆಯೋ ಅಭ್ಯಾಸ ಮಾಡ್ಕೋ ಅಂದ್ರು ಅಮ್ಮ. ಒಂದ್ಸಲ ಅಂಗಡಿ ಹತ್ರ ಕರ್ದೆ. ಅವರು ತಿರುಗಿ ನೋಡ್ಲೇ ಇಲ್ಲ. ಅಂಕಲ್ ಅಂದ್ರೆ ಅವರಿಗೆ ಗೊತ್ತಾಗಲ್ಲ."

ಬಾಗಿಲಲ್ಲಿ ಕೂತಿದ್ದ ಅಜ್ಜಿಗೆ ಒಪ್ಪಂದದ ವಿಷಯ ಯಾರೂ ಹೇಳಿರಲಿಲ್ಲ. ಆಗ ಗೊತ್ತಾಯಿತು. ಮಗು ಲಾರಿ ಎಳೆಯುತ್ತಿದ್ದಾಗ ನನ್ನ ಹತ್ತಿರ ಬಂದು ಮೆಲ್ಲಗೆ ಕೇಳಿದರು: "ಇವಳು ಅವನ ಮಗಳಲ್ಲ ಅಂತಾದ್ರೆ ನಾನು ಯಾರಮ್ಮ? ಸ್ಕೂಲ್ ಗೇಟಲ್ಲಿ ಯಾರು ಅಂತ ಹೇಳಿ ಕರ್ಕೊಂಡ್ ಬರ್ಲಿ?"

ಕೋರ್ಟು ಒಪ್ಪುವುದಿಲ್ಲ ಎಂದೆ.

"ನನ್ನ ಮಗನಿಗೆ ಬುದ್ಧಿ ಕಮ್ಮಿ ಅಂತಾನೂ ಬರೀರಿ. ಹೆತ್ತವಳ ಸಾಕ್ಷಿ ಬೇಕಾದ್ರೆ ನಾನು ಕೊಡ್ತೀನಿ."

ಆ ಸಂಜೆಯೇ ವರದಿ ಬರೆದೆ. ಈ ಮಗುವಿನ ದಿನ ಮೂವರ ಕೈಗಳ ಮೇಲೆ ನಿಂತಿದೆ. ಯಾವ ಕೈಯನ್ನೂ ಕಾಗದದ ಮೇಲಿನ ಸುಳ್ಳಿನಿಂದ ಬಿಡಿಸಬಾರದು. ಅರ್ಧ ಪುಟ ಸಾಕಾಯಿತು. ನನ್ನ ಮಟ್ಟಿಗೆ ಅದು ಮುಗಿದಿತ್ತು.

ಮುಂದಿನ ವಿಚಾರಣೆಗೆ ವಕೀಲರು ಮೂರನೇ ಕಲಮು ತೆಗೆದ ಕಾಗದ ತಂದರು. ಆದರೆ ಗಂಡ ಸಹಿ ಹಾಕಲಿಲ್ಲ. ಬಡಕಲಾಗಿದ್ದ. ಎದ್ದು ನಿಂತು, ತನಗೆ ಈಗ ನಿಜವಾಗಿಯೇ ಅನುಮಾನವಿದೆ, ರಕ್ತಸಂಬಂಧದ ಪರೀಕ್ಷೆ ಮಾಡಿಸಬೇಕು ಎಂದ.

"ಯಾರ ಮೇಲೆ ಅನುಮಾನ? ಏಜೆಂಟ್ ಮೇಲೋ ಡ್ರೈವರ್ ಮೇಲೋ?" ಎಂದರು ನ್ಯಾಯಾಧೀಶೆ.

"ಮೇಡಂ, ನನ್ನ ಕೆಲಸವೇ ಮುಖ ಅಳೆಯೋದು. ಕಣ್ಣಿಂದ ಕಣ್ಣಿಗೆ, ಮೂಗಿನ ಏಣು, ಕಿವಿ ಮಟ್ಟ. ಫ್ರೇಮ್ ಕೂರಿಸ್ಬೇಕಾದ್ರೆ ಎಲ್ಲ ನೋಡ್ಬೇಕು. ಮಗೂ ಎಡಗಿವಿ ಬಲಗಿವಿಗಿಂತ ಮೇಲಿದೆ. ನಂದು ಎರಡೂ ಸಮ. ಅವಳ ತಾಯೀದೂ ಸಮ. ಹಾಗಾದ್ರೆ ಅದು ಎಲ್ಲಿಂದ ಬಂತು?"

"ಇಷ್ಟು ವರ್ಷ ತಲೆ ಬಾಚಿದ್ರಲ್ಲ. ಆಗ ಕಾಣದ ಕಿವಿ ಈಗ ಕಾಣಿಸ್ತಾ?"

"ಆಗ ನೋಡಿರ್ಲಿಲ್ಲ."

ಹಿಂದಿನ ಬೆಂಚಿನಿಂದ ಅವನ ತಾಯಿ ಎದ್ದರು. "ನಿಂದೂ ಎಡಗಿವಿ ಮೇಲೇ ಇತ್ತು ಕಣೋ. ಮೇಷ್ಟ್ರು ದಿನಾ ಹಿಂಡಿ ಹಿಂಡಿ ಕೆಳಗೆ ತಂದ್ರು. ಇನ್ನೂ ಸ್ವಲ್ಪ ಹಿಂಡಿದ್ರೆ ಬುದ್ಧೀನೂ ಬರ್ತಿತ್ತೇನೋ."

ಕೋರ್ಟಿನ ಬೆರಳಚ್ಚುಗಾರ ನಕ್ಕ. ಗಂಡ ನಗಲಿಲ್ಲ. ಅವನ ಕಣ್ಣು ಹೆಂಡತಿಯ ಮೇಲಿತ್ತು. ಅವಳೂ ಎದ್ದು ನಿಂತಳು. "ಮಾಡ್ಸಿ ಮೇಡಂ. ನಾಳೇನೇ ಮಾಡ್ಸಿ. ಆ ಕಾಗದಾನ ಇವರ ಅಂಗಡಿ ಗಾಜಿಗೆ ಅಂಟಿಸ್ತೀನಿ."

ನ್ಯಾಯಾಧೀಶೆ ಇಬ್ಬರನ್ನೂ ನೋಡಿದರು. "ಮತ್ತೆ ಇಬ್ರೂ ಒಂದಾದ್ರಿ. ಆ ಮಗೂ ವಿರುದ್ಧ ಅಂದ್ರೆ ನಿಮಗೆ ಎಷ್ಟು ಬೇಗ ಒಮ್ಮತ ಬರತ್ತೆ."

ಮಧ್ಯಾಹ್ನ ನನ್ನನ್ನು ಒಳಗೆ ಕರೆದರು. ಊಟದ ಡಬ್ಬಿ ತೆರೆದಿರಲಿಲ್ಲ. "ನೀನೇನಂತೀಯಾ? ಪರೀಕ್ಷೆ ಬೇಕಾ?"

ಮಾಡಿಸಿಬಿಡಿ ಎಂದೆ. ಮಗು ಅವನದೇ ಎಂದು ನಮಗೆ ಗೊತ್ತು. ಫಲಿತಾಂಶ ಬಂದರೆ ಅವನು ಸುಮ್ಮನಾಗುತ್ತಾನೆ.

"ಸುಮ್ಮನಾಗೋದು ಅವನು. ಪರೀಕ್ಷೆಗೆ ಎಂಜಲು ಕೊಡೋಕೆ ಬಾಯಿ ತೆಗೆದು ಕೂರೋದು ಅವಳು. ಯಾಕೆ ಅಂತ ಕೇಳಿದ್ರೆ ಏನು ಹೇಳ್ತೀಯಾ? ನಿಮ್ಮಪ್ಪ ನಿಮ್ಮಪ್ಪ ಹೌದೋ ಅಲ್ವೋ ನೋಡೋಕೆ ಅಂತಾನಾ? ಪಾಸಾದ್ರೂ ಅವಳು ಪರೀಕ್ಷೆ ಪಾಸು ಮಾಡಿ ಬಂದ ಮಗಳು. ಮಗಳಾಗಿರೋದಕ್ಕೆ ಪಾಸಾಗ್ಬೇಕಾ?"

"ಅವನ ಅನುಮಾನ ಹೋಗ್ದೇ ಇದ್ರೆ ಅವಳಿಗೇ ಕಷ್ಟ" ಎಂದೆ.

"ಹೌದು" ಎಂದರು. "ಇಲ್ಲದವನನ್ನ ಇಲ್ಲ ಅಂತ ಪ್ರಯೋಗಾಲಯ ಹೇಳಿದ್ರೆ ಇವನ ತಲೆಯಿಂದ ಅವನು ಹೋಗ್ತಾನಾ? ಲ್ಯಾಬಿನವರೂ ಏಜೆಂಟಿನ ಕಡೆಯವರು ಅಂತಾನೆ." ಡಬ್ಬಿ ತೆರೆದು, ನೋಡಿ, ಮುಚ್ಚಿದರು. "ಗೊತ್ತಿಲ್ಲ ಕಣೆ. ನಂದೇ ತಪ್ಪಿರಬಹುದು. ಆದ್ರೆ ಅವಳ ಬಾಯಿ ತೆಗೆಸೋಕೆ ನನ್ನ ಕೈಲಾಗಲ್ಲ."

ಇಲ್ಲದವರು ಎಷ್ಟು ಜಾಗ ಹಿಡಿಯುತ್ತಾರೆ ಎನ್ನುವುದು ನನಗೆ ಗೊತ್ತಿತ್ತು.

ಆದೇಶ ಬಂತು. ವಿಚ್ಛೇದನ ಕೊಟ್ಟರು. ಪರೀಕ್ಷೆಯ ಅರ್ಜಿ ತಳ್ಳಿಹಾಕಿದರು: ಬರಿಯ ಅನುಮಾನಕ್ಕೆ, ಅದೂ ತಾವೇ ಕಟ್ಟಿದ ಕತೆಯಿಂದ ಹುಟ್ಟಿದ ಅನುಮಾನಕ್ಕೆ, ಮಗುವಿನ ಹುಟ್ಟನ್ನು ಬಿಚ್ಚಿ ನೋಡುವುದಿಲ್ಲ. ಮಗಳು ಅವನ ಮಗಳೇ. ತಾಯಿ ಅವಳನ್ನು ಹೊಸ ಊರಿಗೆ ಕರೆದೊಯ್ಯಬಹುದು. ಶಾಲೆಗೆ ತಾಯಿಯೊಬ್ಬಳ ಸಹಿ ಸಾಕು. ತಿಂಗಳಲ್ಲಿ ಎರಡು ಶನಿವಾರ ತಂದೆ ನೋಡಬೇಕು, ಮೊದಮೊದಲು ನನ್ನ ಕೋಣೆಯಲ್ಲಿ. ರಜೆಯಲ್ಲಿ ಮಗು ಅಜ್ಜಿಯ ಮನೆಗೆ.

ಓದಿ ಮುಗಿದ ಮೇಲೆ ತಾಯಿ ನಿಂತೇ ಇದ್ದಳು. "ಶಾಲೆಗೆ ನನ್ನ ಸಹಿ ಸಾಕು ಅಂತ ನೀವು ಬರೀಬಹುದಿತ್ತಾ ಮೇಡಂ? ಮೊದಲೇ?"

"ಬಾಯಿಬಿಟ್ಟು ಕೇಳಿದ್ರೆ ಬರೀತಿದ್ದೆ" ಎಂದರು ನ್ಯಾಯಾಧೀಶೆ.

ಅವಳು ವಕೀಲರ ಕಡೆ ನೋಡಿದಳು. ಅವರು ಚೀಲದ ಜಿಪ್ಪು ಎಳೆಯುತ್ತಿದ್ದರು.

ಮೊದಲ ಶನಿವಾರ ತಾಯಿ ಮಗಳನ್ನು ರೈಲಿನಲ್ಲಿ ಕರೆತಂದು ಬಿಟ್ಟು, ಎದುರಿನ ಬಸ್ ನಿಲ್ದಾಣದ ಬೆಂಚಿನಲ್ಲಿ ಕೂತಳು. ಗಂಡ ಬರುತ್ತಾನೆಂದು ನನಗೆ ನಂಬಿಕೆಯಿರಲಿಲ್ಲ. ಮರುಮದುವೆಯ ಮಾತು ಮುರಿದಿತ್ತು ಎಂದು ಅಜ್ಜಿ ಹೇಳಿದ್ದರು. ಹೆಣ್ಣಿನ ಕಡೆಯವರಿಗೆ ಮಗುವಿನ ಸುದ್ದಿಗಿಂತ ಇವನ ಏಜೆಂಟಿನ ಸುದ್ದಿಯೇ ಹೆಚ್ಚು ಸಾಕಾಗಿತ್ತಂತೆ. ಕೂತಲ್ಲಿ ನಿಂತಲ್ಲಿ ಅದೇ ಮಾತಂತೆ.

ಬಂದ. ಸಾಸಿವೆ ಓಡಿಹೋಗಿ, ನಿಂತು, "ಅಪ್ಪ ಅನ್ಬಹುದಂತೆ, ಜಡ್ಜ್ ಹೇಳಿದ್ರಂತೆ" ಎಂದಳು. ಅವನು ಅವಳನ್ನು ಎತ್ತಿಕೊಂಡ. ಚಾಪೆಯ ಮೇಲೆ ಕೂತರು. ಹೊಸ ಶಾಲೆಯ ಬಸ್ಸು, ಬಸ್ಸಿನಲ್ಲಿ ವಾಂತಿ ಮಾಡಿಕೊಳ್ಳುವ ಹುಡುಗಿ, ಹದಿನೈದರ ಮಗ್ಗಿ. ಅವಳು ಒಂದೇ ಸಮನೆ ಹೇಳುತ್ತಿದ್ದಳು. ಅವನು ಹೂಂಗುಟ್ಟುತ್ತಿದ್ದ. ಹೂಂಗುಟ್ಟುತ್ತಲೇ ಅವಳ ಕೂದಲನ್ನು ಕಿವಿಯ ಹಿಂದಕ್ಕೆ ಸರಿಸಿದ. ಗಲ್ಲ ಹಿಡಿದು ಮುಖವನ್ನು ಕಿಟಕಿಯ ಬೆಳಕಿಗೆ ತಿರುಗಿಸಿದ. ಆ ಕಡೆ, ಈ ಕಡೆ. ಅವಳು ಮಾತು ನಿಲ್ಲಿಸಿ ಅಲುಗದೆ ಕೂತಳು. ಗಿರಾಕಿಗಳು ಹಾಗೆ ಕೂರುವುದನ್ನು ಅಂಗಡಿಯಲ್ಲಿ ನೋಡಿರಬೇಕು.

"ನಂಗೂ ಕನ್ನಡಕ ಬರತ್ತಾ ಅಪ್ಪ?"

ಅವನು ಕೈ ತೆಗೆದ. "ಇಲ್ಲಮ್ಮ. ಸುಮ್ನೆ ನೋಡ್ದೆ."

ಅವನು ನೀರು ಕುಡಿಯಲು ಹೊರಗೆ ಹೋದಾಗ ಅವಳು ನನ್ನ ಹತ್ತಿರ ಬಂದು ಪಿಸುಗುಟ್ಟಿದಳು: "ಕಿವೀಲಿ ಕೊಳೆ ಇತ್ತು ಅನ್ಸತ್ತೆ ಆಂಟಿ. ಮುಂದಿನ ಸಲ ತೊಳ್ಕೊಂಡು ಬರ್ತೀನಿ."

ನಾನು ಎದ್ದು ಹಜಾರಕ್ಕೆ ಹೋದೆ. ಅವನು ಡ್ರಮ್ಮಿನ ಪಕ್ಕ ಲೋಟ ಹಿಡಿದು ನಿಂತಿದ್ದ. ಕುಡಿದಿರಲಿಲ್ಲ. ಗಟ್ಟಿಯಾಗಿ ನಾಲ್ಕು ಮಾತು ಹೇಳಬೇಕೆಂದು ಹೋಗಿದ್ದೆ. ಇನ್ನೊಮ್ಮೆ ಹಾಗೆ ಮಾಡಿದರೆ ಭೇಟಿ ನಿಲ್ಲಿಸಲು ಬರೆಯುತ್ತೇನೆ ಎನ್ನಬೇಕೆಂದಿದ್ದೆ. ಅವನೇ ಮೊದಲು ಮಾತಾಡಿದ.

"ಅವನಿಲ್ಲ ಅಂತ ನಂಗೆ ಗೊತ್ತು ಮೇಡಂ. ಎತ್ತರ ಹೇಳಿದ್ದು ನಾನು. ಮೀಸೆ ಬೇಡ ಅಂದಿದ್ದೂ ನಾನೇ. ಆದ್ರೂ ಅಂಗಡಿಗೆ ಚೀಲ ಹಿಡ್ಕೊಂಡು ಯಾರಾದ್ರೂ ಬಂದ್ರೆ ಮೊದ್ಲು ಕಿವಿ ನೋಡ್ತೀನಿ."

"ಅವಳು ಕಿವಿ ಕೊಳೆಯಾಗಿದೆ ಅಂದ್ಕೊಂಡಿದ್ದಾಳೆ. ತೊಳ್ಕೊಂಡು ಬರ್ತಾಳಂತೆ."

ಅವನು ಗೋಡೆಯ ಕಡೆ ತಿರುಗಿದ. ಮೇಲೆ ಮೆಟ್ಟಿಲಲ್ಲಿ ಯಾರೋ ಇಳಿದು ಹೋದರು.

"ನೀವು ಬರೋದು ಬೇಡ ಅನ್ಸಿದ್ರೆ ಹೇಳಿ. ಜಡ್ಜಿಗೆ ಹೇಳ್ತೀನಿ" ಎಂದೆ. ಆ ಮಾತಿನಲ್ಲಿ ಸಿಟ್ಟಿರಲಿಲ್ಲ. ಅವನು ಬಾರದಿದ್ದರೆ ಮಗುವಿಗೆ ಒಳ್ಳೆಯದೋ ಕೆಟ್ಟದ್ದೋ ನನಗೆ ನಿಜಕ್ಕೂ ತಿಳಿಯಲಿಲ್ಲ.

"ಬರ್ತೀನಿ" ಎಂದ. "ನಾನು ಬರದೆ ಇದ್ರೆ ಆ ಚಾಪೆ ಮೇಲೆ ಅವನು ಬಂದು ಕೂತ್ಕೋತಾನೆ ಮೇಡಂ. ಊಟ ಆಯ್ತಾ ಮಗೂ ಅಂತ ಕೇಳ್ತಾನೆ."

"ಹಾಗಾದ್ರೆ ಅದನ್ನ ನೀವೇ ಕೇಳಿ."

ಅವನು ಲೋಟದ ನೀರನ್ನು ಒಂದೇ ಗುಟುಕಿಗೆ ಕುಡಿದು, ಮುಖ ಒರೆಸಿಕೊಂಡು ಒಳಗೆ ಹೋದ. ನಾನು ಹಿಂದೆ ಹೋಗಲಿಲ್ಲ. ಬಾಗಿಲ ಹೊರಗೇ ನಿಂತೆ. ಒಳಗಿನಿಂದ ಅವನ ದನಿ ಕೇಳಿಸಿತು. ಅವಳು ಊಟ ಆಗಿಲ್ಲ, ರೈಲಲ್ಲಿ ಬಿಸ್ಕತ್ತು ಮಾತ್ರ ಎಂದಳು. ಆಮೇಲೆ ಬಿಸ್ಕತ್ತಿನ ಬಗ್ಗೆ ದೂರು ಹೇಳಲು ಶುರುಮಾಡಿದಳು.

ಹೊರಡುವಾಗ ಅವನು ಮುಂದಿನ ಭೇಟಿ ಎಷ್ಟು ಹೊತ್ತಿಗೆ ಎಂದು ಕೇಳಿದ. ಸ್ವಲ್ಪ ಮೊದಲೇ ಬನ್ನಿ, ಶನಿವಾರ ಗೇಟಿನಲ್ಲಿ ಸರದಿ ಇರುತ್ತದೆ ಎಂದೆ.